ಬಿಡ್ತವ್ವನ ದೊಣೆಯ ಮಹಿಮೆ

ಕಲಿಪುರುಷನು ಇನ್ನೂ ಭೂಮಿಗೆ ಕಾಲಿಡದಿದ್ದ ದ್ವಾಪರಯುಗದ ಅಂತ್ಯಕಾಲದಲ್ಲಿ, ಶಿಲಾಮಯವೂ ನಿರ್ಜನವೂ ಆದ ಈ ಹದ್ದಿನಗುಡ್ಡದ ನೆತ್ತಿಯಲ್ಲಿ, ಧನುರ್ವಿದ್ಯಾನಿಪುಣನಾದ ದುಗ್ಗಣನೆಂಬ ವ್ಯಾಧನು ತನ್ನ ಪತ್ನಿ ಮಾಳವ್ವೆಯೊಡನೆ ವಾಸವಾಗಿದ್ದನು. ಅವಳ ಮೇಲೆ ಅವನಿಗಿದ್ದ ಮೋಹವನ್ನು ಪ್ರೇಮವೆಂದು ಕೊಂಡಾಡುವವರು ಇಂದಿಗೂ ಉಂಟು. ಅಂಥವರ ಬಾಯಲ್ಲಿ ಹುಳ ಬೀಳಲಿ! ಬಂಧುಗಳನ್ನು ಬಿಲ್ಲೆತ್ತಿ ಓಡಿಸಿದನು; ಅವಳು ಸಾಕಿದ ಗಿಣಿಯ ಕತ್ತು ಹಿಚುಕಿದನು; ನೀರಿಗೆ ಬಗ್ಗಿದವಳು ತನ್ನ ಬಿಂಬವನ್ನೇ ಕಂಡು ನಕ್ಕಾಳೆಂಬ ಅಸೂಯೆಯಿಂದ, ಬಂಡೆಯೊಳಗಿನ ಈ ದೊಣೆಯ ಜಲವನ್ನು ಬಿಲ್ಲಿನ ತುದಿಯಿಂದ ಕಲಕುತ್ತ ನಿಲ್ಲುತ್ತಿದ್ದನು. ವರ್ಷಗಟ್ಟಲೆ ತನ್ನ ಮುಖವನ್ನೇ ಕಾಣದ ಆ ಸಾಧ್ವಿಯು, ಅದು ಇನ್ನೂ ಇದೆಯೋ ಇಲ್ಲವೋ ಎಂದು ಕೈಯಿಂದ ತಡವಿಕೊಳ್ಳುತ್ತಿದ್ದಳಂತೆ. ಮಾತನಾಡಲು ಒಂದು ನರಪಿಳ್ಳೆಯೂ ಇರಲಿಲ್ಲ.

ಎರಡು ಬಾರಿ ಅವಳು ತವರಿನತ್ತ ಓಡಿದಳು. ಎರಡು ಬಾರಿಯೂ ಅರ್ಧದಾರಿಯಲ್ಲಿ ಕಾಲುಗಳು ತಾವಾಗಿಯೇ ಹಿಂದಿರುಗಿದವು. ಕಾರಣವಿಷ್ಟೆ: ಅವಳು ಆಡಿದ್ದೆಲ್ಲ ನಿಜವಾಗಲೇಬೇಕಾದ ಸತ್ಯವಂತೆಯಾಗಿದ್ದು, ಹೊಸ್ತಿಲು ದಾಟುವಾಗ, ನಮ್ಮೆಲ್ಲ ಹೆಣ್ಣುಮಕ್ಕಳಂತೆ ರೂಢಿಯಿಂದ, "ನೀರಿಗೆ ಹೋಗಿ ಬರ್ತೀನಿ" ಎಂದುಬಿಟ್ಟಿದ್ದಳು. ಅಯ್ಯೋ, ಆ ಮಾತೇ ಅವಳನ್ನು ಹಿಡಿದೆಳೆಯಿತು.

ಮೂರನೆಯ ಬಾರಿ ಓಡಲಾರದೆ ದೊಣೆಯ ಅಂಚಿಗೆ ಹಣೆ ಚಚ್ಚಿಕೊಂಡು ಅತ್ತಾಗ, ಜಲಾಧಿದೇವತೆಯ ವಾಣಿಯು ಕೇಳಿಬಂತು: "ಮಗಳೇ, ಹೊಸ್ತಿಲಲ್ಲಿ ಕೊಟ್ಟ ಮಾತನ್ನು ಹೊಸ್ತಿಲಲ್ಲೇ ಹಿಂದಕ್ಕೆ ತೆಗೆದುಕೋ. ಬರುವೆನೆನ್ನಬೇಡ."

ಮಾಳವ್ವೆಯು ಗುಡಿಸಲಿಗೆ ಮರಳಿ, ನಡುಹಗಲಿನಲ್ಲಿ ಹೊಸ್ತಿಲ ಮೇಲೆ ನಿಂತು, ಅವನ ಮುಖವನ್ನೇ ನೋಡಿ, "ಹೋಗ್ತೀನಿ" ಎಂದಳು. ಸಾಯುವವರಷ್ಟೇ ಆಡುವ ಆ ಅಶುಭವಾಕ್ಯಕ್ಕೆ ಬೆವತುಹೋದ ದುಗ್ಗಣನು, ಕೆಟ್ಟ ಮಾತು ಕಿವಿಗೆ ಬಿದ್ದಾಗ ನಾವು ನೀವೆಲ್ಲ ಅನ್ನುವಂತೆಯೇ, "ಥೂ! ಬಿಡ್ತು ಅನ್ನು, ಬಿಡ್ತು ಅನ್ನು!" ಎಂದು ಬಿಲ್ಲೆತ್ತಿ ಗದರಿದನು.

ಅವಳು "ಬಿಡ್ತು" ಅಂದಳು.

ಬಿಟ್ಟೇಬಿಟ್ಟಿತು. ಬಿಲ್ಲೆತ್ತಿದ ಕೈ ಎತ್ತಿದಲ್ಲೇ ಕಲ್ಲಾಯಿತು, ಆಮೇಲೆ ಎದೆ, ಕಟ್ಟಕಡೆಗೆ ಕಣ್ಣು. ಮಾಳವ್ವೆ ಒಬ್ಬಳೇ ಗುಡ್ಡ ಇಳಿದಳು. ತವರಿನಲ್ಲಿ ಯಾರು ಉಳಿದಿದ್ದಾರೋ ತಿಳಿಯದು, ಜೊತೆಗೊಬ್ಬರಿಲ್ಲ, ಹೆದರಿಕೆಯೂ ಬಹಳವಿತ್ತು. ಆದರೂ ಕಾಲು ಹಿಂದಿರುಗಲಿಲ್ಲ.

ಆ ವ್ಯಾಧಶಿಲೆಯು ದೊಣೆಯ ಬಡಗಣ ದಿಕ್ಕಿನಲ್ಲಿ ಇಂದಿಗೂ ಕಾಣುವುದು. ಪ್ರತಿ ಶ್ರಾವಣ ಶುಕ್ರವಾರ ಸ್ತ್ರೀಯರು ಇಲ್ಲಿ ಮಿಂದು, ಮೂರು ಬಾರಿ "ಬಿಡ್ತು" ಎಂದು ನುಡಿದು, ಯಾರಿಗೂ ಹೇಳದೆ ಇಳಿದುಹೋಗುವರು. ದೊಣೆಯ ಪಕ್ಕದ ಗುಡಿಯಲ್ಲಿ, ಬಿಡ್ತವ್ವನೆಂದೇ ಹೆಸರಾದ ಮಾಳವ್ವೆಯ ಮೂರ್ತಿ ಏಕಿಲ್ಲವೆಂದು ಭಕ್ತರು ಅರ್ಚಕರನ್ನು ಪೀಡಿಸುವುದುಂಟು. ಹೋದವಳನ್ನು ಹಿಡಿದು ನಿಲ್ಲಿಸಲು ನಾವ್ಯಾರು?