ಮೂಲದಲ್ಲೇ ವಿಂಗಡಣೆ

ನಾನು ನಮ್ಮೂರ ಪುರಸಭೆಯ ಕಸದ ಶಾಖೆಯಲ್ಲಿ ಗುಮಾಸ್ತ. ಇಪ್ಪತ್ತು ವರ್ಷ ಕಸದ ಬಗ್ಗೆ ಬರೆದೂ ಬರೆದೂ ನನ್ನ ಬರವಣಿಗೆಯೂ ಅದೇ ಜಾತಿಗೆ ಸೇರಿದೆ.

ಒಂದು ದಿನ ಮುಖ್ಯಾಧಿಕಾರಿ ಕರಿಬಸಪ್ಪನವರು ಕರೆಸಿದರು. ಕಡತ ಬಾಕಿ ಉಳಿಸಿಕೊಂಡ ಊರಿಗೆ ಹೊಸ ಕಸದ ವಾಹನಕ್ಕೆ ಅನುದಾನ ಇಲ್ಲ ಅಂತ ಜಿಲ್ಲೆಯಿಂದ ಪತ್ರ ಬಂದಿತ್ತು.

"ಸಂಜೆಯೊಳಗೆ ಎಲ್ಲ ಕಡತ ವಿಲೇವಾರಿ ಆಗಬೇಕು. ಆಗಲಿಲ್ಲವೋ, ನಿಮ್ಮನ್ನೇ ವಿಲೇವಾರಿ ಮಾಡ್ತೀನಿ," ಅಂದರು.

ಕಡತಗಳು ಕಾಯುತ್ತಿದ್ದದ್ದು ಅವರದೇ ಸಹಿಗೆ. ಅದನ್ನು ಬಾಯಿಬಿಟ್ಟು ಹೇಳುವ ಧೈರ್ಯ ನನ್ನ ವಂಶದಲ್ಲೇ ಯಾರಿಗೂ ಇರಲಿಲ್ಲ. ನಮ್ಮ ಶಾಖೆಯಲ್ಲಿ ವಿಲೇವಾರಿ ಅಂದರೆ ಒಂದೇ ಅರ್ಥ. ಕಡತಗಳನ್ನೆಲ್ಲ ಕಸದ ತಳ್ಳುಗಾಡಿಗೆ ತುಂಬಿ, ಸೀಟಿ ಊದುತ್ತಾ ಅವರ ಕೊಠಡಿಗೇ ತಳ್ಳಿಕೊಂಡು ಹೋದೆ.

"ಏನ್ರೀ ಇದು? ಇಲ್ಲಿಗ್ಯಾಕೆ ತಂದ್ರಿ?"

"ಕಸ ಹುಟ್ಟಿದ ಮೂಲದಲ್ಲೇ ವಿಂಗಡಣೆ ಆಗಬೇಕು ಅಂತ ತಮ್ಮದೇ ಸುತ್ತೋಲೆ ಸಾರ್."

ಬಾಗಿಲಲ್ಲಿ ಕಾದು ನಿಂತಿದ್ದ ಜನ ನಕ್ಕರು. ಸಾಹೇಬರು ಪೆನ್ನು ತೆಗೆದು ಸಂಜೆಯವರೆಗೂ ಸಹಿ ಹಾಕಿದರು. ನಾನು ಪಕ್ಕದಲ್ಲಿ ಊರು ಗೆದ್ದವನ ಹಾಗೆ ನಿಂತಿದ್ದೆ.

ಗಾಡಿಯ ತಳದಲ್ಲಿ ಒಂದೇ ಕಡತ ಉಳಿಯಿತು. ಸಾಹೇಬರು ಬಿಚ್ಚಿ ನೋಡಿ ನಗುತ್ತಾ ನನ್ನ ಕೈಗಿಟ್ಟರು. ಅದು ಹೊಸ ಕಸದ ವಾಹನ ಕೇಳುವ ಪ್ರಸ್ತಾವನೆ. ಗುಮಾಸ್ತನ ಟಿಪ್ಪಣಿಗೆ ಬಿಟ್ಟ ಜಾಗ ನಾಲ್ಕು ವರ್ಷದಿಂದ ಖಾಲಿ.

"ಇದರ ಮೂಲ ಯಾವುದು ಗುಮಾಸ್ತರೇ?"

ಗಾಡಿ ತಿರುಗಿಸಿ ನನ್ನ ಮೇಜಿನ ಕಡೆ ತಳ್ಳಿದೆ. ಸೀಟಿ ಮಾತ್ರ ಊದಲಿಲ್ಲ.