ಸಂಜೆಗಾವು ಮತ್ತು ಇಣುಕುವ ಕಾಳವ್ವ

ಮಕ್ಕಳೇ, ಈ ಕತೆಯಲ್ಲಿ ಒಂದೊಂದು ಮಾತೂ ನಿಜ. ಸುಳ್ಳಾದರೆ ನಿಮ್ಮ ಮಾವ ತನ್ನ ಮೀಸೆಯ ಎಡಭಾಗ ಬೋಳಿಸಿಕೊಳ್ಳಲು ಸಿದ್ಧ. ಬಲಭಾಗ ಹೋದ ವರ್ಷದ ಕತೆಗೇ ಹೋಯಿತು.

ಬೈಗಿನಕಾಡು ಅಂತ ಒಂದು ಕಾಡು. ಅಲ್ಲಿ ಸೂರ್ಯ ಮುಳುಗಿದರೂ ಸಂಜೆ ಮುಳುಗುವುದಿಲ್ಲ. ನೆಲದೊಳಗೆ ಇಳಿದ ಬೆಳಕು ಸ್ವಲ್ಪ ಹೊತ್ತಿಗೆ ಕೆರೆಯ ದಂಡೆಯ ಕೆಸರಿನಿಂದ ಮೆಲ್ಲಗೆ ಮೇಲೆ ಬರುತ್ತದೆ. ನೇರಳೆಹಣ್ಣಿನ ರಸದ ಬಣ್ಣ, ಆಗತಾನೇ ಕರೆದ ಹಾಲಿನ ಬಿಸಿ. ಅದಕ್ಕೆ ಸಂಜೆಗಾವು ಅಂತ ಹೆಸರು. ಅದರ ಮೇಲೆ ನಾನೇ ಒಂದು ಸೇರು ಕಡಲೆ ಹುರಿದು ತಿಂದಿದ್ದೇನೆ.

ಅಲ್ಲಿ ಯಾವ ತಾಯಿಯೂ ಮೊಟ್ಟೆಯ ಮೇಲೆ ಕೂರುವುದಿಲ್ಲ. ಸಂಜೆಗಾವು ಗೂಡಿಗೆ ತುಂಬಿದ ಕೂಡಲೇ ಮೇಲೊಂದು ತಾವರೆ ಎಲೆ ಮುಚ್ಚಿಬಿಟ್ಟರೆ ಆಯಿತು. ಎರಡು ದಿನ ಎಲೆ ಎತ್ತದಿದ್ದರೆ ನೀರುಕೋಳಿಯ ಮೊಟ್ಟೆ ಒಡೆದು ಮರಿ ಹೊರಗೆ. ನಡುವೆ ಎತ್ತಿದರೆ ಕಾವು ಪುಸ್ಸೆಂದು ಹೋಗುತ್ತದೆ, ಮತ್ತೆ ಮೊದಲಿನಿಂದ.

ನೀರುಕೋಳಿ ಕಾಳವ್ವನ ಗೂಡಿನಲ್ಲಿ ನಾಲ್ಕು ಮೊಟ್ಟೆಗಳಿದ್ದವು. ಅಕ್ಕಪಕ್ಕದವರ ಮರಿಗಳು ಈಜಲು ಕಲಿತು, ಜಗಳವಾಡಲೂ ಕಲಿತವು. ಇವಳ ಮೊಟ್ಟೆಗಳು ಮಾತ್ರ ಇಟ್ಟ ಹಾಗೇ ಇದ್ದವು.

"ಮತ್ತೆ ಎಲೆ ಎತ್ತಿದೆಯಲ್ಲ ಕಾಳಕ್ಕ?" ಎಂದ ಮಿಂಚುಳ್ಳಿ ಚುಂಚಣ್ಣ, ಜೊಂಡಿನ ಮೇಲೆ ಕೂತು.

"ಸುಮ್ಮನೆ ಎತ್ತಿದೆನೇ? ಕಾವು ಸೋರಿಹೋಗಿದೆಯೋ ಏನೋ ಅಂತ ನೋಡಿದೆ."

"ಸೋರಿತ್ತೇ?"

"ಹೂಂ ಕಣೋ! ನೋಡಿದ್ದೇ ಒಳ್ಳೆಯದಾಯಿತು!"

ಚುಂಚಣ್ಣ ನಗುತ್ತಾ ಜೊಂಡಿನಿಂದ ಜಾರಿ ನೀರಿಗೆ ಬಿದ್ದ. ಬಿದ್ದದ್ದಕ್ಕೆ ಒಂದು ಮೀನನ್ನೂ ಹಿಡಿದ.

ಆದರೆ ಒಂದು ಸಂಜೆ ಅವನು ನಗದೆ ಬಂದ. "ಅಕ್ಕಾ, ಬೆಟ್ಟದಲ್ಲಿ ಜೋರು ಮಳೆ. ನಾಳಿದ್ದು ಸಂಜೆಗೆ ನೀರು ಇಲ್ಲಿಗೆ ಬರುತ್ತದೆ. ನಿನ್ನ ಗೂಡು ಮುಳುಗುತ್ತದೆ."

ಕಾಳವ್ವ ಗೂಡಿನತ್ತ ನೋಡಿದಳು. ಮರಿಗಳಾದರೆ ಓಡಲು ಕಾಲುಂಟು. ಮೊಟ್ಟೆಗೆಲ್ಲಿಯ ಕಾಲು? ಹೊತ್ತೊಯ್ಯಲು ಅವಳಿಗೆಲ್ಲಿಯ ಕೈ? ಉಳಿದಿರುವುದು ಸರಿಯಾಗಿ ಎರಡೇ ದಿನ. ಓಡಿಹೋಗಿ ಮೇಲ್ದಂಡೆಯ ಆಮೆ ಚೆನ್ನಜ್ಜಿಯ ಮುಂದೆ ಅತ್ತಳು.

"ಇವತ್ತು ಮುಚ್ಚಿದ ಎಲೆ ನಾಳಿದ್ದಿನವರೆಗೆ ಮುಚ್ಚಿಯೇ ಇರಬೇಕು. ನಿನ್ನಿಂದ ಆಗುತ್ತದೇನೇ?" ಎಂದು ಕೇಳಿತು ಚೆನ್ನಜ್ಜಿ.

"ಆಗಲ್ಲ ಅಜ್ಜಿ," ಎಂದು ಕಾಳವ್ವ ಒಪ್ಪಿಕೊಂಡಳು. ಅವಳು ಆಡಿದ ಮೊದಲ ಬುದ್ಧಿಯ ಮಾತು ಅದು.

"ಹಾಗಾದರೆ ಎಲೆ ಮುಚ್ಚಿ ಇಲ್ಲಿಗೆ ಬಾ. ನನ್ನ ಗೂಡು ನೀನು ಕಾಯಿ. ನಿನ್ನದನ್ನು ನಾನು ಕಾಯುತ್ತೇನೆ."

ಹಾಗೇ ಆಯಿತು. ಕಾಳವ್ವ ಅಜ್ಜಿಯ ಗೂಡಿನ ಸುತ್ತ ಸುತ್ತಿದಳು. ಕೊಕ್ಕು ತುರಿಸಿತು. ಎಲೆಯ ಅಂಚಿನವರೆಗೂ ಕತ್ತು ಹೋಯಿತು. ಆದರೆ ಬೇರೆಯವರ ಮನೆಯ ಪಾತ್ರೆಯ ಮುಚ್ಚಳ ಎತ್ತಿ ನೋಡುವುದುಂಟೇ? ನಾಚಿಕೆಯಾಗಿ ಕತ್ತು ಹಿಂದಕ್ಕೆ ಬಂತು.

ಇನ್ನು ತನ್ನ ಗೂಡಿನದೇ ಚಿಂತೆ. ಮೇಲಿಂದ ಕೂಗಿದಳು, "ಅಜ್ಜೀ, ಒಂಚೂರು ಎತ್ತಿ ನೋಡಿ!"

"ಇಗೋ ಹೊರಟೆ ತಾಯಿ," ಎಂದಿತು ಚೆನ್ನಜ್ಜಿ. ಕಾಳವ್ವನ ಗೂಡು ಇದ್ದದ್ದು ಎರಡು ಮಾರು ದೂರದಲ್ಲಿ.

ಮರುದಿನ ಬೆಳಿಗ್ಗೆ: "ಅಜ್ಜೀ, ನೋಡಿದಿರಾ?"

"ದಾರಿಯಲ್ಲಿದ್ದೇನೆ ಮಗಳೇ."

ಅದೇ ದಿನ ಮಧ್ಯಾಹ್ನ: "ಅಜ್ಜೀ!"

"ಅವಸರ ಮಾಡಬೇಡ. ಎಡವಿ ಬಿದ್ದರೆ ಎತ್ತುವವರು ಯಾರು?"

ಅದರ ಮರುದಿನ ಸಂಜೆ ಬೆಟ್ಟದ ನೀರು ಗುಡುಗುಡು ಅನ್ನುತ್ತಾ ಬಂತು. "ಬಂತು! ಬಂತು!" ಎಂದು ಚುಂಚಣ್ಣ ಕಿರುಚಿದ. ಕಾಳವ್ವ ದಂಡೆಯಿಂದ ಉರುಳಿದಂತೆ ಓಡಿಬಂದಳು. ನೀರು ಗೂಡಿನಿಂದ ಒಂದು ಗೇಣು ದೂರದಲ್ಲಿತ್ತು. ಚೆನ್ನಜ್ಜಿಯೂ ಅಷ್ಟೇ ದೂರದಲ್ಲಿತ್ತು.

ಆಗ ಯಾರೂ ಮುಟ್ಟದೆಯೇ ಎಲೆ ಅಲುಗಿತು. ಒಂದು ಕಡೆ ಮೇಲೆದ್ದಿತು. ಕೆಳಗಿಂದ ನೇರಳೆ ಬೆಳಕು ಚೆಲ್ಲಿತು. ಬೆಳಕಿನ ನಡುವೆ ಕಡಲೆಕಾಳಿನಷ್ಟು ಕೆಂಪು ಕೊಕ್ಕು!

ಮರಿ ಹೊರಗೆ ನೋಡಿತು. ಅಮ್ಮನನ್ನು ನೋಡಿತು. ಮತ್ತೆ ಎಲೆಯನ್ನು ಮೇಲೆ ಎಳೆದುಕೊಂಡು ಗದರಿತು: "ಮುಚ್ಚಮ್ಮಾ, ಕಾವು ಹೋಗುತ್ತೆ!"

"ಹೋದರೆ ಹೋಗಲಿ ಕಣೋ, ಓಡು!" ಎಂದು ಕಾಳವ್ವ ಎಲೆ ಕಿತ್ತೆಸೆದಳು. ನಾಲ್ಕೂ ಮರಿಗಳು ಅವಳ ಹಿಂದೆ ದಂಡೆ ಹತ್ತಿದವು. ಖಾಲಿ ಗೂಡು ನೀರಿನಲ್ಲಿ ತೇಲಿಹೋಯಿತು. ಅದರ ಮೇಲೆ ಚೆನ್ನಜ್ಜಿ ಆರಾಮವಾಗಿ ಕೂತು ಸವಾರಿ ಮಾಡಿತು. ಅಷ್ಟು ವೇಗವಾಗಿ ಹೋದದ್ದು ಅದರ ಜೀವಮಾನದಲ್ಲಿ ಅದೊಂದೇ ಸಲ.

ಈಗ ಒಂದು ಸಣ್ಣ ವಿಷಯ ಒಪ್ಪಿಕೊಳ್ಳಬೇಕು. ಆಗತಾನೇ ಹುಟ್ಟಿದ ಮರಿಗೆ ಮಾತು ಎಲ್ಲಿಂದ ಬರಬೇಕು? ಅದು "ಚೀಂ" ಅಂತಷ್ಟೇ ಅಂದದ್ದು. ಉಳಿದದ್ದನ್ನು ನಾನು ಸೇರಿಸಿದೆ. ಮಿಕ್ಕಿದ್ದೆಲ್ಲ ಅಪ್ಪಟ ನಿಜ.

ನೀತಿ: ಮುಚ್ಚಿಟ್ಟು ಕಾಯಬೇಕಾದ ಕೆಲಸವನ್ನು ಗಳಿಗೆಗೊಮ್ಮೆ ತೆರೆದು ನೋಡಿದರೆ, ನೋಡಿದ್ದಷ್ಟೇ ಬಂತು, ಕೆಲಸ ಆಗುವುದಿಲ್ಲ.