ಕುಂಕುಮ ಹಚ್ಚಿದ ಆದೇಶ

ದ್ಯಾಮಣ್ಣ ಪುರಸಭೆಯ ನೀರುಗಂಟಿ. ಬೀದಿ ಬೀದಿಗೆ ಸರದಿಯಂತೆ ನೀರು ಬಿಡುವುದು ಅವನ ಕೆಲಸ. ಮುಖ್ಯಾಧಿಕಾರಿ ಚಂದ್ರಮೌಳಿ ತನ್ನ ಬೀದಿಗೆ ಸರದಿ ತಪ್ಪಿಸಿ ಬಿಡು ಎಂದರೆ ಅವನು ಬಿಡಲಿಲ್ಲ. ಕೆಲಸ ಹೋಯಿತು.

ದ್ಯಾಮಣ್ಣ ಹೈಕೋರ್ಟಿಗೆ ಹೋದ. ಅವನನ್ನು ಮತ್ತೆ ಕೆಲಸಕ್ಕೆ ತೆಗೆದುಕೊಳ್ಳಿ ಎಂದು ಆದೇಶವಾಯಿತು. ಅದನ್ನು ಹಿಡಿದು ಕಚೇರಿಗೆ ಬಂದ.

ಚಂದ್ರಮೌಳಿ ಯಾರಿಗೂ ಇಲ್ಲ ಎಂದವನಲ್ಲ. ಆದೇಶವನ್ನು ಎರಡೂ ಕೈಯಲ್ಲಿ ತೆಗೆದುಕೊಂಡ. ಕಣ್ಣಿಗೊತ್ತಿಕೊಂಡ. ಬೀರುವಿನಲ್ಲಿಟ್ಟು ಬೀಗ ಹಾಕಿದ.

"ಹೊರಗೆ ಕೂತಿರಪ್ಪ, ನೋಡೋಣ" ಎಂದ.

ವರಾಂಡದಲ್ಲಿ ಒಂದು ಬೆಂಚಿತ್ತು. ಅದರ ಒಂದು ಕಾಲು ಗಿಡ್ಡ. ದ್ಯಾಮಣ್ಣ ಕೂತ. ಮರುದಿನವೂ ಬಂದು ಕೂತ. ಬೇಸಿಗೆ ಹೋಗಿ ಮಳೆಗಾಲ ಬಂತು. ಕೇಳಿದಾಗಲೆಲ್ಲ ಅದೇ ಮಾತು. ಯುಗಾದಿ ಕಳೆದರೆ ಅವನಿಗೆ ನಿವೃತ್ತಿಯ ವಯಸ್ಸು. ಅಷ್ಟರಲ್ಲಿ ಕೆಲಸಕ್ಕೆ ಸೇರದಿದ್ದರೆ ಪಿಂಚಣಿ ಇಲ್ಲ. ಅದು ಚಂದ್ರಮೌಳಿಗೂ ಗೊತ್ತಿತ್ತು.

ಆಯುಧಪೂಜೆ ಬಂತು. ಜೀಪು, ಕಂಪ್ಯೂಟರು, ಸ್ಟೇಪ್ಲರು, ಎಲ್ಲಕ್ಕೂ ಕುಂಕುಮವಾಯಿತು. ಚಂದ್ರಮೌಳಿ ಬೀರು ತೆಗೆದು ಕೋರ್ಟಿನ ಆದೇಶವನ್ನೂ ತಂದಿಟ್ಟ. ಅದಕ್ಕೂ ಧಾರಾಳವಾಗಿ ಕುಂಕುಮ ಹಚ್ಚಿದ. ಸೇವಂತಿಗೆ ಏರಿಸಿದ. ಮಂಗಳಾರತಿ ಎತ್ತಿ ಮತ್ತೆ ಬೀಗ ಹಾಕಿದ. ಬೆಂಚಿನವರಿಗೆ ಮಂಡಕ್ಕಿ ಕೊಟ್ಟರು. ದ್ಯಾಮಣ್ಣ ಕೆಲಸದ ಮಾತು ತೆಗೆದ. ಹಬ್ಬದ ದಿನ ಅದೆಲ್ಲ ಬೇಡ ಎಂದರು.

ದ್ಯಾಮಣ್ಣ ಮಂಡಕ್ಕಿ ತಿಂದು ಮುಗಿಸಿದ. ಎದ್ದು ನೇರ ವಕೀಲರ ಮನೆಗೆ ಹೋದ. ನ್ಯಾಯಾಂಗ ನಿಂದನೆಯ ಅರ್ಜಿ ಬಿತ್ತು. ಚಂದ್ರಮೌಳಿ ಖುದ್ದು ಹಾಜರಾಗಬೇಕಾಯಿತು.

ಅವನೇನೂ ಹೆದರಲಿಲ್ಲ. ಕೋರ್ಟಿನ ಆದೇಶ ತನಗೆ ದೇವರ ಸಮಾನ ಎಂದು ಹೇಳಿ ಆ ಕಾಗದವನ್ನೇ ಸಾಕ್ಷಿಯಾಗಿ ಕೊಟ್ಟ. ಕುಂಕುಮ ಮೆತ್ತಿ ಅರ್ಧ ಅಕ್ಷರ ಕಾಣುತ್ತಿರಲಿಲ್ಲ. ನ್ಯಾಯಮೂರ್ತಿಗಳು ಒಣಗಿದ ಒಂದು ಎಸಳನ್ನು ಪಕ್ಕಕ್ಕೆ ಸರಿಸಿದರು.

"ಪೂಜೆ ಚೆನ್ನಾಗಿದೆ. ಇದರಲ್ಲಿ ಹೇಳಿದ್ದನ್ನು ಮಾಡಿದಿರಾ?"



ಶಿಕ್ಷೆಯಾಯಿತು. ಅಂದಿನ ಕಲಾಪ ಮುಗಿಯುವವರೆಗೆ ಅವನು ಕೋರ್ಟಿನಲ್ಲೇ ಕೂತಿರಬೇಕು. ಅಲ್ಲಿಂದ ಏಳುವ ಮೊದಲು ದ್ಯಾಮಣ್ಣನನ್ನು ಕೆಲಸಕ್ಕೆ ಸೇರಿಸಿಕೊಂಡ ಪತ್ರಕ್ಕೆ ಸಹಿ ಹಾಕಬೇಕು.

ಇಷ್ಟೇ ತಾನೇ ಎಂದು ಚಂದ್ರಮೌಳಿ ಹಿಂದಿನ ಬೆಂಚಿನಲ್ಲಿ ಕೂತ. ಮಧ್ಯಾಹ್ನದ ಹೊತ್ತಿಗೆ ಸೊಂಟ ಹಿಡಿಯಿತು. ಫ್ಯಾನು ಬೇರೆಯವರ ಮೇಲೆ ತಿರುಗುತ್ತಿತ್ತು. ಕಲಾಪ ಯಾವಾಗ ಮುಗಿಯುತ್ತದೆ ಎಂದು ಜವಾನನನ್ನು ಮೆಲ್ಲಗೆ ಕೇಳಿದ.

"ಕೂತಿರಿ ಸಾರ್, ನೋಡೋಣ" ಎಂದ ಜವಾನ.

ಅದೇ ಬೆಂಚಿನ ಆ ತುದಿಯಲ್ಲಿ ದ್ಯಾಮಣ್ಣ ಕೂತಿದ್ದ. ಅವನಿಗೆ ಪಾಪ ಎನಿಸಿತು.

"ಸಾಹೇಬ್ರೇ, ಹಿಂದಕ್ಕೆ ಒರಗಬೇಡಿ. ತುಸು ಮುಂದೆ ಬಾಗಿ ಕೂರಿ. ನೀವೇ ಕಲಿಸಿದ್ದು."

ಚಂದ್ರಮೌಳಿ ಮುಂದೆ ಬಾಗಿ ಕೂತ. ನೋವು ಕಡಿಮೆಯಾಯಿತು. ಆಮೇಲೆ ಪೆನ್ನು ತೆಗೆದು, ಪತ್ರವನ್ನು ತೊಡೆಯ ಮೇಲಿಟ್ಟುಕೊಂಡು ಸಹಿ ಹಾಕಿದ.

ಯುಗಾದಿಗೆ ಮೊದಲೇ ದ್ಯಾಮಣ್ಣ ಕೆಲಸಕ್ಕೆ ಸೇರಿದ. ಚಂದ್ರಮೌಳಿಯ ಬೀದಿಗೂ ನೀರು ಬಿಟ್ಟ. ಸರದಿ ಬಂದಾಗ.

ನೀತಿ: ಆದೇಶವನ್ನು ಪಾಲಿಸುವುದೇ ಅದಕ್ಕೆ ಕೊಡುವ ಗೌರವ. ಕುಂಕುಮ ಬೇಡ.